ಅದೇ ಗೇಟಿಗೆ ಮೂರನೇ ಸಲ ಹೊಸಬ

ಆರು ವರ್ಷದಿಂದ ಒಂದೇ ಅಪಾರ್ಟ್‌ಮೆಂಟಿನ ಗೇಟಲ್ಲಿ ಸೆಕ್ಯೂರಿಟಿ ಗಾರ್ಡ್ ಆಗಿ ಕೂತಿದ್ದೇನೆ. ಅದೇ ಗೇಟು, ಕಾಲು ಮುರಿದು ತಂತಿ ಸುತ್ತಿದ ಅದೇ ಕುರ್ಚಿ, ಅದೇ ವಿಸಿಟರ್ ರಿಜಿಸ್ಟರ್. ಯಾವ ಮನೆಯ ಮಗು ಯಾವ ವ್ಯಾನಲ್ಲಿ ಹೋಗುತ್ತದೆ ಅಂತ ಗೊತ್ತು. ಯಾವ ಅಜ್ಜನಿಗೆ ಮರೆವು ಜಾಸ್ತಿ, ಅವರು ಚಪ್ಪಲಿ ಹಾಕಿಕೊಳ್ಳದೆ ಗೇಟಿನ ಹತ್ತಿರ ಬಂದರೆ ಏನು ಮಾತಾಡಿಸುತ್ತಾ ವಾಪಸ್ ಲಿಫ್ಟಿನ ತನಕ ಕರೆದುಕೊಂಡು ಹೋಗಬೇಕು, ಅದೂ ಗೊತ್ತು. ಆದರೆ ಹೋದ ವಾರ ನಾನು ಅಲ್ಲಿ ಹೊಸಬನಾದೆ. ಮೂರನೇ ಸಲ.

ಆಗಿದ್ದು ಇಷ್ಟು. ಅಸೋಸಿಯೇಷನ್‌ನವರು ಸೆಕ್ಯೂರಿಟಿ ಏಜೆನ್ಸಿ ಬದಲಾಯಿಸಿದರು. ಹುಡುಗರು ಮಾತ್ರ ಇವರೇ ಇರಲಿ ಅಂದರಂತೆ. (ನನಗೆ ನಲವತ್ನಾಲ್ಕು. ಗೇಟಲ್ಲಿ ನಿಂತವರೆಲ್ಲ ಹುಡುಗರೇ.) ಕೆಲಸ ಉಳಿಯಿತಲ್ಲ ಅಂತ ನನಗೂ ಖುಷಿಯಾಯಿತು. ಸೋಮವಾರ ಹೊಸ ಏಜೆನ್ಸಿಯ ಫೀಲ್ಡ್ ಆಫೀಸರ್ ಬಂದ. ನನಗಿಂತ ಹದಿನೈದು ವರ್ಷ ಚಿಕ್ಕವನು. ನನ್ನ ತೋಳು ನೋಡಿ, "ಆ ಬ್ಯಾಡ್ಜ್ ಬಿಚ್ಚು" ಅಂದ. ಬ್ಲೇಡಲ್ಲಿ ದಾರ ಕೊಯ್ದು ತೆಗೆದೆ. ಅಂಗಿಯೆಲ್ಲ ಬಿಸಿಲಿಗೆ ಬೆಳ್ಳಗಾಗಿದೆ, ಬ್ಯಾಡ್ಜ್ ಇದ್ದಷ್ಟು ಜಾಗ ಮಾತ್ರ ಕಡುನೀಲಿ. ಹೊಸ ಬ್ಯಾಡ್ಜ್ ಅದಕ್ಕಿಂತ ಸಣ್ಣದು. ಈಗ ಸುತ್ತಲೂ ನೀಲಿ ಅಂಚು ಕಾಣುತ್ತದೆ.

ಆಮೇಲೆ ಒಂದು ಚೀಟಿ ಕೊಟ್ಟ. ಫೋಟೋ ಆರು, ಆಧಾರ್ ಜೆರಾಕ್ಸ್, ಬಾಡಿಗೆ ಕರಾರು, ಪೊಲೀಸ್ ವೆರಿಫಿಕೇಶನ್, ಮೆಡಿಕಲ್, ಟ್ರೈನಿಂಗ್ ಸರ್ಟಿಫಿಕೇಟ್.

"ಸಾರ್, ಇದೆಲ್ಲ ಹಳೇ ಕಂಪನಿಗೆ ಕೊಟ್ಟಿದ್ದೆ. ಎರಡು ವರ್ಷ ಕೂಡ ಆಗಿಲ್ಲ."

"ಅದು ಅವರ ಫೈಲು. ನಮಗೆ ನಮ್ಮ ಫೈಲು ಬೇಕು."

ಅವರಿಗೊಂದು ಫೈಲು, ಇವರಿಗೊಂದು ಫೈಲು. ನನಗೆ ಏನು ಅಂತ ಕೇಳಬೇಕು ಅನಿಸಿತು. ಕೇಳಲಿಲ್ಲ. ಅದಕ್ಕೇ ಇಲ್ಲಿ ಬರೀತಿದ್ದೇನೆ.

ಈ ಕೆಲಸಕ್ಕೆ ಸೇರುವಾಗ "ಲೈಸೆನ್ಸ್ ಮಾಡಿಸಬೇಕು" ಅಂದಿದ್ದರು. ಡ್ರೈವಿಂಗ್ ಲೈಸೆನ್ಸ್ ತರ ನನ್ನ ಹೆಸರಲ್ಲೇ ಏನೋ ಬರುತ್ತದೆ ಅಂದುಕೊಂಡಿದ್ದೆ. ಬಂದಿದ್ದು ಕುತ್ತಿಗೆಗೆ ನೇತುಹಾಕುವ ಐಡಿ ಕಾರ್ಡು. ಏಜೆನ್ಸಿ ಹೆಸರು ದಪ್ಪಗೆ, ನನ್ನ ಹೆಸರು ಸಣ್ಣಗೆ. ಏಜೆನ್ಸಿ ಬದಲಾದ ದಿನ ಅದನ್ನೂ ಕಿತ್ತುಕೊಂಡರು.

ನಮ್ಮ ದೇಶದಲ್ಲಿ ಇದಕ್ಕೆ ಇರುವುದು 2005ರ ಖಾಸಗಿ ಭದ್ರತಾ ಏಜೆನ್ಸಿಗಳ ಕಾಯ್ದೆ. ಲೈನಲ್ಲಿ ಇರುವವರು ಪಸಾರಾ ಅನ್ನುತ್ತಾರೆ. ಅದರಲ್ಲಿ ಲೈಸೆನ್ಸ್ ಸಿಗುವುದು ಏಜೆನ್ಸಿಗೆ, ಐದು ವರ್ಷಕ್ಕೆ. ಕಾಯ್ದೆಯಲ್ಲಿ ಬರೆದಿರುವ ಫೀಸು ಒಂದು ಜಿಲ್ಲೆಗಾದರೆ 5,000 ರೂಪಾಯಿ, ಇಡೀ ರಾಜ್ಯಕ್ಕಾದರೆ 25,000. ಗಾರ್ಡಿಗೆ ಲೈಸೆನ್ಸ್ ಅನ್ನುವುದೇ ಇಲ್ಲ. ಗಾರ್ಡಿಗೆ ಇರುವುದು ಷರತ್ತು. ವಯಸ್ಸು 18 ದಾಟಿರಬೇಕು, 65 ಆಗಿರಬಾರದು. ನಡತೆ ಸರಿ ಇದೆ ಅಂತ ಏಜೆನ್ಸಿಗೆ ನಂಬಿಕೆ ಬರಬೇಕು. ಟ್ರೈನಿಂಗ್ ಮುಗಿಸಿರಬೇಕು. ದೇಹ ಗಟ್ಟಿ ಇರಬೇಕು. ಕಾನೂನು ಸರಿಯಾಗೇ ಕೇಳುತ್ತದೆ, ನನ್ನ ತಕರಾರಿಲ್ಲ. ಊರವರ ಮಕ್ಕಳು, ಮನೆ, ಬಂಗಾರ ಎಲ್ಲ ನಮ್ಮ ಕಣ್ಣೆದುರು ಇರುತ್ತದೆ. ವಿಚಾರಿಸಲೇಬೇಕು. ಆದರೆ ವಿಚಾರಿಸಿದ ಮೇಲೆ ಸಿಕ್ಕ ಕಾಗದ ನನ್ನ ಹತ್ತಿರ ಇರಬೇಕೋ ಬೇಡವೋ?

ನಮ್ಮ ಪಕ್ಕದ ಮನೆಯವನು ಲಾರಿ ಡ್ರೈವರ್. ಐದು ಓನರ್ ಬದಲಾಯಿಸಿದ್ದಾನೆ. ಡಿಎಲ್ ಅವನ ಜೇಬಲ್ಲೇ ಇದೆ. ಬಸ್ ಕಂಡಕ್ಟರಿಗೂ ಅವರ ಹೆಸರಲ್ಲೇ ಲೈಸೆನ್ಸ್ ಉಂಟು. ಬ್ರಿಟನ್‌ನಲ್ಲಿ ಗಾರ್ಡಿನ ಹೆಸರಲ್ಲೇ ಲೈಸೆನ್ಸ್ ಕೊಡುತ್ತಾರೆ, ಮೂರು ವರ್ಷಕ್ಕೆ. ಅಷ್ಟು ದೂರ ಯಾಕೆ, ನಮ್ಮ ಪಿಎಫ್ ನೋಡಿ. ಯುಎಎನ್ ಅಂತ ಒಂದೇ ನಂಬರು. ಏಜೆನ್ಸಿ ಮೂರು ಬದಲಾದರೂ ನಂಬರು ಬದಲಾಗಲಿಲ್ಲ. ದುಡ್ಡು ಹಾಕುವುದಕ್ಕೆ ನಾನು ಒಬ್ಬನೇ ಮನುಷ್ಯ, ನಡತೆ ನೋಡುವುದಕ್ಕೆ ಮಾತ್ರ ಪ್ರತಿ ಸಲ ಬೇರೆ ಮನುಷ್ಯ!

ಪೊಲೀಸ್ ವೆರಿಫಿಕೇಶನ್ ಕಥೆ ಹೇಳುತ್ತೇನೆ. ಕಳೆದ ಸಲದ್ದು. ನನ್ನದು ನೈಟ್ ಡ್ಯೂಟಿ, ರಾತ್ರಿ ಎಂಟರಿಂದ ಬೆಳಗ್ಗೆ ಎಂಟು. ಮನೆಗೆ ಬಂದು ಮಲಗುವಾಗ ಒಂಬತ್ತೂವರೆ. ನನ್ನ ಹೆಂಡತಿಯೂ ಕೆಲಸಕ್ಕೆ ಹೋಗುತ್ತಾಳೆ. ಸೇಲ್ಸಿನವರು, ಕೊರಿಯರಿನವರು ಬಂದು ಬಾಗಿಲು ಬಡಿದು ನಿದ್ದೆ ಕೆಡಿಸುತ್ತಾರೆ ಅಂತ ಅವಳು ಹೊರಗಿನಿಂದ ಬೀಗ ಹಾಕಿಕೊಂಡು ಹೋಗುತ್ತಾಳೆ. ನನ್ನ ಮೇಲಿನ ಪ್ರೀತಿಗೆ ಹಾಕುವ ಬೀಗ ಅದು. ಒಂದು ದಿನ ಹನ್ನೊಂದು ಗಂಟೆಗೆ ಸ್ಟೇಷನ್ನಿನಿಂದ ವಿಚಾರಣೆಗೆ ಬಂದರು. ನೋಡಿದರೆ ಬೀಗ. ಮೇಲಿನ ಮನೆಗೆ ಹೊಸದಾಗಿ ಬಂದವರನ್ನು ಕೇಳಿದ್ದಾರೆ. ಅವರು ಪಾಪ, "ಆ ಮನೇಲಿ ಗಂಡಸರನ್ನ ನೋಡೇ ಇಲ್ಲ ಸಾರ್" ಅಂದಿದ್ದಾರೆ. ಎಲ್ಲಿಂದ ನೋಡಬೇಕು? ಅವರು ಏಳುವಾಗ ನಾನು ಗೇಟಲ್ಲಿ, ಅವರು ಓಡಾಡುವಾಗ ನಾನು ನಿದ್ದೆಯಲ್ಲಿ. ಕಾಗದದ ಮೇಲೆ "ಸದರಿ ವಿಳಾಸದಲ್ಲಿ ವಾಸವಿಲ್ಲ" ಅಂತ ಬಿತ್ತು. ಬಾಗಿಲಿಂದ ಆರು ಅಡಿ ದೂರದಲ್ಲಿ ಗೊರಕೆ ಹೊಡೆಯುತ್ತಾ ಮಲಗಿದ್ದೆ ನಾನು.

ಅದನ್ನು ಸರಿ ಮಾಡಿಸಲು ಮೂರು ಸಲ ಸ್ಟೇಷನ್ನಿಗೆ ಹೋದೆ. ಪ್ರತಿ ಸಲ ನಿದ್ದೆ ಬಿಟ್ಟು. ಮನೆ ಓನರ್ ಕೈಯಿಂದ ಪತ್ರ ತನ್ನಿ ಅಂದರು. ಪೊಲೀಸ್ ಅನ್ನುವ ಶಬ್ದ ಕೇಳಿ ಓನರ್ ಮುಖ ಗಂಟು ಹಾಕಿಕೊಂಡರು. "ಏನಾದರೂ ಕೇಸ್ ಇದೆಯೇನಪ್ಪಾ?" ಕೇಸ್ ಇಲ್ಲ ಅಂತ ತೋರಿಸುವುದಕ್ಕೇ ಸ್ವಾಮಿ ಇಷ್ಟೆಲ್ಲ. ಇನ್ನು ಆಧಾರಿನಲ್ಲಿ ಇರುವುದು ಊರಿನ ವಿಳಾಸ, ಹಾಗಾಗಿ ಅಲ್ಲಿಯ ಸ್ಟೇಷನ್ನಿಗೂ ಕಾಗದ ಹೋಯಿತು. ಅಲ್ಲಿ ನನ್ನ ಅಪ್ಪ, ಎಪ್ಪತ್ತು ದಾಟಿದವರು, ಮನೆಗೆ ಪೊಲೀಸ್ ಬಂದರು ಅಂತ ಹೆದರಿ ನನಗೆ ಫೋನ್ ಮಾಡಿದರು. ಮಗ ಏನು ಮಾಡಿಕೊಂಡ ಅಂತ ಬೀದಿಯವರೆಲ್ಲ ಕೇಳಿದರಂತೆ.

ದಿನಕ್ಕೆ ನೂರು ಜನರನ್ನು "ಸಾರ್, ಐಡಿ ತೋರಿಸಿ, ಇಲ್ಲಿ ಸೈನ್ ಮಾಡಿ" ಅಂತ ಕೇಳುವವನು ನಾನು. ನಾನೇ ಯಾರು ಅಂತ ತೋರಿಸಲು ಎರಡು ತಿಂಗಳು ಹಿಡಿಯಿತು.

ಟ್ರೈನಿಂಗಂತೂ ಕೇಳಲೇಬೇಡಿ. ಅಲ್ಲ, ಕೇಳಿ. ಆ ಕಾಯ್ದೆಗೆ ಕೇಂದ್ರ ಮಾಡಿದ 2006ರ ಮಾದರಿ ನಿಯಮದಲ್ಲಿ (2020ರಲ್ಲಿ ಅದರ ಬದಲು ಹೊಸ ಮಾದರಿ ಬಂದಿದೆ) ಕ್ಲಾಸಲ್ಲಿ 100 ಗಂಟೆ, ಫೀಲ್ಡಲ್ಲಿ 60 ಗಂಟೆ, ಕಮ್ಮಿ ಅಂದರೂ 20 ದಿನ ಅಂತ ಇತ್ತು. ಬೆಂಕಿ ಆರಿಸುವುದು, ಪ್ರಥಮ ಚಿಕಿತ್ಸೆ, ಜನಜಂಗುಳಿ ಸಂಭಾಳಿಸುವುದು, ಬಾಂಬ್ ತರದ ವಸ್ತು ಗುರುತಿಸುವುದು, ಎಫ್‌ಐಆರ್ ಹೇಗೆ ಕೊಡುವುದು, ಎಲ್ಲ ಕಲಿಸಬೇಕು. ನನಗೆ ಸಿಕ್ಕಿದ್ದು ಒಂದು ಮಧ್ಯಾಹ್ನ. ಒಂದು ಬೇಸ್‌ಮೆಂಟು, ಇಪ್ಪತ್ತಾರು ಜನ, ಹನ್ನೆರಡು ಕುರ್ಚಿ. ಒಬ್ಬೊಬ್ಬರ ಕೈಗೂ ಬೆಂಕಿ ಆರಿಸುವ ಕೆಂಪು ಸಿಲಿಂಡರ್ ಕೊಟ್ಟು ಫೋಟೋ ಹೊಡೆದರು. ಒಂದೇ ಸಿಲಿಂಡರ್, ಕೈಯಿಂದ ಕೈಗೆ ದಾಟುತ್ತಿತ್ತು, ಮದುವೆ ಮನೆಯಲ್ಲಿ ಮಗುವನ್ನು ದಾಟಿಸಿದ ಹಾಗೆ. ಪಿನ್ ಎಳೆಯಲು ಹೋದವನಿಗೆ ಬೈದರು, "ರೀಫಿಲ್ ದುಡ್ಡು ನಿಮ್ಮಪ್ಪ ಕೊಡ್ತಾನಾ" ಅಂತ.

ಆಮೇಲೆ ಹಾಜರಿ ಶೀಟು ಬಂತು. ಇಪ್ಪತ್ತು ದಿನದ ಇಪ್ಪತ್ತು ಮನೆ ಖಾಲಿ. ಆ ಮನುಷ್ಯ ಜೇಬಿಂದ ಮೂರು ಪೆನ್ನು ತೆಗೆದ. ಒಂದು ನೀಲಿ, ಒಂದು ಕಪ್ಪು, ಇನ್ನೊಂದು ಸ್ವಲ್ಪ ತಿಳಿ ನೀಲಿ. "ಬದಲಾಯಿಸಿಕೊಂಡು ಹಾಕ್ರಪ್ಪಾ, ಒಂದೇ ತರ ಕಾಣಬಾರದು" ಅಂದ. ಹಾಕಿದೆವು. ಆರನೇ ದಿನ ನೀಲಿ, ಏಳನೇ ದಿನ ಕಪ್ಪು. ಟ್ರೈನಿಂಗ್ ಖರ್ಚು ಅಂತ ಮೂರು ತಿಂಗಳ ಸಂಬಳದಲ್ಲಿ ಹಿಡಿದುಕೊಂಡರು. ಪೆನ್ನಿನ ದುಡ್ಡೂ ಅದರಲ್ಲೇ ಇರಬೇಕು.

ನಮ್ಮ ಜೊತೆ ಒಬ್ಬರು ಮಿಲಿಟರಿಯಿಂದ ರಿಟೈರ್ ಆದವರು ಇದ್ದರು. ನಾವೆಲ್ಲ ಸುಬೇದಾರ್ ಸಾಹೇಬರು ಅನ್ನುತ್ತಿದ್ದೆವು. ಮಾಜಿ ಸೈನಿಕರಿಗೆ ನಿಯಮದಲ್ಲಿ ರಿಯಾಯಿತಿ ಇದೆ, 40 ಗಂಟೆ ಕ್ಲಾಸು, 16 ಗಂಟೆ ಫೀಲ್ಡು, ಏಳು ದಿನ. ಹಾಗಾಗಿ ಅವರಿಗೆ ಏಳೇ ಸೈನು. ನಕ್ಕುಬಿಟ್ಟರು ಅವರು. ನನಗೆ ನಿಜವಾಗಿ ಟ್ರೈನಿಂಗ್ ಕೊಟ್ಟಿದ್ದು ಅವರೇ, ಕಾಸಿಲ್ಲದೆ, ರಾತ್ರಿ ಡ್ಯೂಟಿಯಲ್ಲಿ. ಪಿನ್ ಎಳಿ, ನಳಿಗೆ ಬೆಂಕಿಯ ಬುಡಕ್ಕೆ ಹಿಡಿ, ಹಿಡಿಕೆ ಒತ್ತು, ಆಚೆ ಈಚೆ ಆಡಿಸು. ಜ್ವಾಲೆಗೆ ಹೊಡೆದರೆ ದಂಡ, ಬುಡಕ್ಕೆ ಹೊಡೆ. ಕರೆಂಟ್ ಬೆಂಕಿಗೆ ನೀರು ಸುರಿಯಲೇಬೇಡ.

ಕಳೆದ ವರ್ಷ ಬೇಸಗೆಯಲ್ಲಿ ಮೀಟರ್ ಬೋರ್ಡಲ್ಲಿ ಹೊಗೆ ಎದ್ದಿತು. ಕಾರ್ ತೊಳೆಯುತ್ತಿದ್ದ ಹುಡುಗ ಬಕೆಟ್ ನೀರು ಎತ್ತಿಕೊಂಡು ಓಡಿ ಬಂದ. ಅವನ ಕೈ ಹಿಡಿದು ಎಳೆದೆ. ನೀರೆಲ್ಲ ನನ್ನ ಶೂ ಮೇಲೆ ಚೆಲ್ಲಿತು. ಮೇನ್ ಇಳಿಸಿ, ಗೋಡೆಯಲ್ಲಿದ್ದ ಕಾರ್ಬನ್ ಡೈಆಕ್ಸೈಡ್ ಸಿಲಿಂಡರ್ ತೆಗೆದು ಹೊಡೆದೆ. ಮೊದಲ ಸಲ ಪಿನ್ ಎಳೆದದ್ದು ಅವತ್ತೇ. ಕೈ ನಡುಗುತ್ತಿತ್ತು. ಅವತ್ತು ಆ ಮೂರು ಪೆನ್ನಿನವನ ಮಾತು ನಂಬಿಕೊಂಡಿದ್ದರೆ ಆ ಹುಡುಗನ ಗತಿ ಏನಾಗುತ್ತಿತ್ತು? ಈ ಅನುಭವ ಯಾವ ಫೈಲಲ್ಲೂ ಇಲ್ಲ. ಫೈಲಲ್ಲಿ ಇರುವುದು ಸಿಲಿಂಡರ್ ಹಿಡಿದ ಫೋಟೋ.

ಮೆಡಿಕಲ್ ಬಗ್ಗೆ ಜಾಸ್ತಿ ಹೇಳುವಂಥದ್ದಿಲ್ಲ, ಅಲ್ಲಿ ಏನೂ ನಡೆಯಲೇ ಇಲ್ಲ. ನಿಯಮದ ಪ್ರಕಾರ ಎತ್ತರ 160 ಸೆಂಟಿಮೀಟರ್, ಎದೆ 80, ಉಸಿರೆಳೆದರೆ ಇನ್ನೂ 4 ಹಿಗ್ಗಬೇಕು, ಒಂದು ಕಿಲೋಮೀಟರ್ ಆರು ನಿಮಿಷದಲ್ಲಿ ಓಡಬೇಕು. ನಾನು ನಿಜವಾಗಿಯೂ ಒಂದು ವಾರ ಬೆಳಗ್ಗೆ ಎದ್ದು ಓಡಿ ತಯಾರಾಗಿದ್ದೆ, ನಗಬೇಡಿ. ಡಾಕ್ಟರ್ ತಲೆ ಎತ್ತಲಿಲ್ಲ. ಸೀಲ್ ಒತ್ತಿದರು. ನಮ್ಮ ಬ್ಯಾಚಿನ ಇಪ್ಪತ್ತಾರೂ ಜನರ ಎದೆ 84. ಒಬ್ಬ ಕಡ್ಡಿ ತರ ಇದ್ದಾನೆ, ಅವನದೂ 84.

ಇಷ್ಟೆಲ್ಲ ಆಗಿ ಈಗ ಮೂರನೇ ಸಲ ಅದೇ ನಾಟಕ ಶುರು ಅಂದಾಗ ನನಗೆ ತಡೆಯಲಾಗಲಿಲ್ಲ. ರಾತ್ರಿ ಎರಡು ಗಂಟೆಗೆ ಮೊಬೈಲಲ್ಲಿ ಆ 2006ರ ಮಾದರಿ ನಿಯಮ ತೆಗೆದು ಓದಿದೆ. ಇಂಗ್ಲಿಷಿನಲ್ಲಿದೆ. ಗಾರ್ಡಿಗೆ ಇಂಗ್ಲಿಷ್ ಅಕ್ಷರ ಓದಲು ಬರಬೇಕು ಅಂತ ಅದರಲ್ಲೇ ಬರೆದಿದ್ದಾರೆ. ಬರುತ್ತದೆ, ಅದಕ್ಕೇ ಓದಿದೆ. ನಿಧಾನಕ್ಕೆ, ಬೆರಳಿಟ್ಟುಕೊಂಡು. ಅದರಲ್ಲಿ ಏನಿದೆ ಗೊತ್ತಾ? ನಡತೆಯ ಸರ್ಟಿಫಿಕೇಟ್ ಒಮ್ಮೆ ಕೊಟ್ಟರೆ ಮೂರು ವರ್ಷ ನಡೆಯುತ್ತದೆ. ಏಜೆನ್ಸಿ ಅದನ್ನು ಗಾರ್ಡಿಗೆ ಕೊಡಬೇಕು. ಅವನು ಕೆಲಸ ಬಿಟ್ಟರೂ ಅದನ್ನು ವಾಪಸ್ ತಗೊಳ್ಳುವಂತಿಲ್ಲ. ಟ್ರೈನಿಂಗ್ ಸರ್ಟಿಫಿಕೇಟೂ ಅಷ್ಟೇ, ಕಲಿತವನ ಕೈಗೆ ಕೊಡಬೇಕಾದ್ದು.

ಆ ಸಾಲನ್ನು ನಾಲ್ಕು ಸಲ ಓದಿದೆ. ಎರಡು ಏಜೆನ್ಸಿಯೂ ನನಗೆ ಒಂದೇ ಮಾತು ಹೇಳಿದ್ದವು: "ನಿನ್ನ ಹತ್ತಿರ ಕಳೆದು ಹೋಗುತ್ತೆ, ನಮ್ಮ ಆಫೀಸಲ್ಲಿ ಸೇಫಾಗಿರುತ್ತೆ." ನಾಲ್ಕು ನೂರು ಮನೆಯ ಬೀಗದಕೈ ಗೊಂಚಲು ನನ್ನ ಹತ್ತಿರ ಸೇಫಾಗಿರುತ್ತದೆ. ನನ್ನದೇ ಒಂದು ಹಾಳೆ ಕಾಗದ ಕಳೆದು ಹೋಗುತ್ತದಂತೆ.

ಮರುದಿನ ಹಳೇ ಏಜೆನ್ಸಿಗೆ ಫೋನ್ ಮಾಡಿದೆ. ಸರ್ಟಿಫಿಕೇಟ್ ಕೊಡಿ ಸಾರ್, ಇನ್ನೂ ಒಂದು ವರ್ಷ ನಡೆಯುತ್ತದೆ ಅಂದೆ. ಯೂನಿಫಾರ್ಮ್ ವಾಪಸ್ ಕೊಡು, ಸೆಟ್ಲ್‌ಮೆಂಟ್ ಆಗಲಿ, ಆಮೇಲೆ ನೋಡೋಣ ಅಂದರು. ಆ ಯೂನಿಫಾರ್ಮಿಗೆ ನನ್ನ ಸಂಬಳದಲ್ಲೇ ದುಡ್ಡು ಹಿಡಿದಿದ್ದಾರೆ! ನಿಯಮದಲ್ಲಿ ಹೀಗಿದೆ ಸಾರ್ ಅಂತ ಓದಿ ಹೇಳಿದೆ. ಆ ಕಡೆ ಸ್ವಲ್ಪ ಹೊತ್ತು ಸುಮ್ಮನಿದ್ದರು. "ಯಾರು ಹೇಳಿಕೊಟ್ಟರು ನಿನಗೆ ಇದೆಲ್ಲ?" ಅಂತ ಕೇಳಿ ಫೋನ್ ಇಟ್ಟರು. ಆಮೇಲೆ ಎತ್ತುತ್ತಲೇ ಇಲ್ಲ.

ಹೊಸ ಫೀಲ್ಡ್ ಆಫೀಸರಿಗೂ ತೋರಿಸಿದೆ. ಅವನು ಕೆಟ್ಟವನಲ್ಲ. ಓದಿದ. "ಸರಿ ಇದೆ, ಆದ್ರೆ ನಮ್ಮ ಆಫೀಸಲ್ಲಿ ಒಪ್ಪಲ್ಲ. ಸುಮ್ನೆ ಮಾಡಿಸಿಬಿಡು, ಇಲ್ಲಾಂದ್ರೆ ಸಂಬಳ ಹೋಲ್ಡ್ ಮಾಡ್ತಾರೆ" ಅಂದ. ಅಲ್ಲಿಗೆ ಮುಗಿಯಿತು. ನಿಯಮ ಬೇರೆ, ಆಫೀಸು ಬೇರೆ.

ಫೋಟೋ ತೆಗೆಸಿದೆ. ಬಾಡಿಗೆ ಕರಾರಿನ ಜೆರಾಕ್ಸ್ ಮಾಡಿಸಿದೆ. ಅರ್ಜಿ ಹಾಕಿದೆ. ಈ ಸಲ ಒಂದು ಬುದ್ಧಿ ಕಲಿತಿದ್ದೇನೆ, ಬರುವ ಕಾಗದವನ್ನೆಲ್ಲ ಏಜೆನ್ಸಿಗೆ ಕೊಡುವ ಮೊದಲು ಕಲರ್ ಜೆರಾಕ್ಸ್ ತೆಗೆದಿಟ್ಟುಕೊಳ್ಳುತ್ತೇನೆ. ಮೊಬೈಲಲ್ಲಿ ಫೋಟೋವನ್ನೂ ಹೊಡೆದಿಟ್ಟುಕೊಳ್ಳುತ್ತೇನೆ. ನೀವು ಈ ಕೆಲಸದಲ್ಲಿದ್ದರೆ ನೀವೂ ಹಾಗೇ ಮಾಡಿ.

ವಿಚಾರಣೆಗೆ ಈ ವಾರದಲ್ಲಿ ಯಾವತ್ತಾದರೂ ಬರುತ್ತಾರಂತೆ. ಯಾವತ್ತು ಅಂತ ಹೇಳುವುದಿಲ್ಲ. ಈಗ ಬೆಳಗ್ಗೆ ಐದೂವರೆ, ಹಾಲಿನವನು ಬಂದು ಹೋದ. ಇನ್ನು ಎರಡೂವರೆ ಗಂಟೆಯಲ್ಲಿ ಡ್ಯೂಟಿ ಮುಗಿಯುತ್ತದೆ. ಈ ವಾರ ಪೂರ್ತಿ ಬಾಗಿಲಿಗೆ ಬೀಗ ಹಾಕಬೇಡ ಅಂತ ಹೆಂಡತಿಗೆ ಹೇಳಿದ್ದೇನೆ. ಬಾಗಿಲು ತೆಗೆದಿಟ್ಟು ಹೊಸ್ತಿಲ ಹತ್ತಿರವೇ ಚಾಪೆ ಹಾಕಿಕೊಂಡು ಮಲಗುತ್ತೇನೆ. ಬಂದವರು ಎಡವಿದರೂ ಪರವಾಗಿಲ್ಲ, ಕಂಡರೆ ಸಾಕು.