ಸ್ಪಷ್ಟನೆ: ವಿಲ್ಮ್ಸ್‌ಹರ್ಸ್ಟ್ ಅಟಾರ್ನಿ ಜನರಲ್ ಆಗಿರಲಿಲ್ಲ

‘ಇರಾಕಿನಲ್ಲಿ ಸಾಮೂಹಿಕ ವಿನಾಶದ ಅಸ್ತ್ರಗಳು ಸಿಗದೇ ಹೋದಾಗ ಬ್ರಿಟನ್ನಿನ ಅಟಾರ್ನಿ ಜನರಲ್ ಎಲಿಜಬೆತ್ ವಿಲ್ಮ್ಸ್‌ಹರ್ಸ್ಟ್ ರಾಜೀನಾಮೆ ಕೊಟ್ಟರು’ ಎಂಬ ಸಂದೇಶ ಓಡಾಡುತ್ತಿದೆ. ರಾಜೀನಾಮೆ ಕೊಟ್ಟಿದ್ದು ನಿಜ. ಹುದ್ದೆ, ಹೊತ್ತು, ಕಾರಣ ಮೂರೂ ತಪ್ಪು.

ಆಗ ಅಟಾರ್ನಿ ಜನರಲ್ ಆಗಿದ್ದವರು ಲಾರ್ಡ್ ಗೋಲ್ಡ್‌ಸ್ಮಿತ್. ಅದು ರಾಜಕೀಯ ನೇಮಕ. ವಿಲ್ಮ್ಸ್‌ಹರ್ಸ್ಟ್ 1974ರಲ್ಲಿ ವಿದೇಶಾಂಗ ಕಚೇರಿಗೆ ಸೇರಿ, ಉಪ ಕಾನೂನು ಸಲಹೆಗಾರ್ತಿಯ ಸ್ಥಾನಕ್ಕೇರಿದ ಸರ್ಕಾರಿ ವಕೀಲೆ. ಯುದ್ಧ ಕಾನೂನುಬದ್ಧವಲ್ಲ ಎಂಬ ವಿಲ್ಮ್ಸ್‌ಹರ್ಸ್ಟ್ ಅವರ ಅಭಿಪ್ರಾಯವೇ ಮೇಲಧಿಕಾರಿ ಮೈಕಲ್ ವುಡ್ ಅವರದೂ ಆಗಿತ್ತು, ಆದರೆ ವುಡ್ ಹುದ್ದೆ ಬಿಡಲಿಲ್ಲ.

ರಾಜೀನಾಮೆ ಪತ್ರದ ತಾರೀಖು ನೋಡಿ: 2003ರ ಮಾರ್ಚ್ 18. ಇರಾಕಿನ ಮೇಲೆ ದಾಳಿ ಶುರುವಾದದ್ದು 20ಕ್ಕೆ. ಅಂದರೆ ಅಸ್ತ್ರಗಳ ಹುಡುಕಾಟದ ಫಲಿತಾಂಶಕ್ಕೂ ಇದಕ್ಕೂ ಸಂಬಂಧವೇ ಇಲ್ಲ. ದಾಳಿಗೆ ಒಪ್ಪಿಗೆ ಕೊಡುವ, ವಿಶ್ವಸಂಸ್ಥೆಯ ಭದ್ರತಾ ಮಂಡಳಿಯ ಎರಡನೇ ನಿರ್ಣಯವಿಲ್ಲದೆ ಬಲಪ್ರಯೋಗ ಕಾನೂನುಬದ್ಧವಲ್ಲ ಎಂಬುದಷ್ಟೇ ಅವರ ವಾದ.

2005ರಲ್ಲಿ ಮಾಹಿತಿ ಸ್ವಾತಂತ್ರ್ಯ ಕಾಯ್ದೆಯಡಿ ಸರ್ಕಾರ ಆ ಪತ್ರ ಬಿಡುಗಡೆ ಮಾಡಿದಾಗ ಒಂದು ಭಾಗವನ್ನು ತೆಗೆದುಹಾಕಿತ್ತು. ಅದು ಸುದ್ದಿವಾಹಿನಿಯೊಂದಕ್ಕೆ ಸೋರಿತು: ಯುದ್ಧ ಕಾನೂನುಬದ್ಧವೇ ಎಂಬ ಬಗ್ಗೆ ಗೋಲ್ಡ್‌ಸ್ಮಿತ್ 2003ರ ಮಾರ್ಚ್ 7ರ ಹೊತ್ತಿಗೆ ಒಮ್ಮೆ, ಆಮೇಲೆ ಮತ್ತೊಮ್ಮೆ ಅಭಿಪ್ರಾಯ ಬದಲಿಸಿದ್ದರ ಉಲ್ಲೇಖ ಅದರಲ್ಲಿತ್ತು. ಮುಚ್ಚಿಟ್ಟಿದ್ದೇ ಹೆಚ್ಚು ಓದಿಸಿಕೊಂಡಿತು, ಬಿಡಿ.

2010ರ ಜನವರಿಯಲ್ಲಿ ಇರಾಕ್ ಯುದ್ಧದ ಬಗ್ಗೆ ಬ್ರಿಟನ್ ನಡೆಸಿದ ಚಿಲ್ಕಾಟ್ ವಿಚಾರಣೆಯ ಮುಂದೆ ವಿಲ್ಮ್ಸ್‌ಹರ್ಸ್ಟ್ ಅವರೇ ಹಾಜರಾಗಿ ಸಾಕ್ಷ್ಯ ನುಡಿದಿದ್ದಾರೆ.