ಆ ‘ಢಂ’ ನನ್ನದೇ

ಮದುವೆ ಮನೆಯ ಪಂಕ್ತಿಯಲ್ಲಿ ಪಕ್ಕದೆಲೆಯ ಹಿರಿಯರು ಕೇಳುವ ಪ್ರಶ್ನೆಗಳಿಗೆ ಒಂದು ಕ್ರಮವಿದೆ. ಯಾರ ಮಗ, ಯಾವ ಊರು, ಏನು ಕೆಲಸ. ಮೊದಲೆರಡನ್ನು ಕೋಸಂಬರಿ ಬಡಿಸುವಷ್ಟರಲ್ಲಿ ದಾಟಿಬಿಡುತ್ತೇನೆ. ಮೂರನೆಯದು ಪಾಯಸ ಬಂದರೂ ಮುಗಿಯುವುದಿಲ್ಲ.

“ಸಿನಿಮಾಕ್ಕೆ, ಧಾರಾವಾಹಿಗೆ ಸಂಗೀತ ಮಾಡುತ್ತೇನೆ.”

“ಓಹೋ, ಹಾಡುತ್ತೀರಿ!”

“ಇಲ್ಲ, ಹಾಡಲು ಗಾಯಕರಿದ್ದಾರೆ.”

“ಹಾಗಾದರೆ ಬಾರಿಸುತ್ತೀರಿ.”

“ಅದಕ್ಕೂ ಬೇರೆಯವರಿದ್ದಾರೆ.”

“ಹಾಡು ಬರೆಯುತ್ತೀರೋ?”

“ಕವಿಗಳು ಬರೆಯುತ್ತಾರೆ.”

ಹಿರಿಯರ ಕಣ್ಣಿನಲ್ಲಿ ಕನಿಕರ ಮೂಡಿತು. ಕೆಲಸವಿಲ್ಲದ ಹುಡುಗ, ಮರ್ಯಾದೆಗೆ ಏನೋ ಹೇಳುತ್ತಿದ್ದಾನೆ ಎಂಬ ಕನಿಕರ. ನಾನು ಸೋತು ಹೇಳಿದೆ: “ಸಂಜೆ ಧಾರಾವಾಹಿಯಲ್ಲಿ ಅತ್ತೆ ಗಕ್ಕನೆ ತಿರುಗಿ ಸೊಸೆಯನ್ನು ನೋಡಿದಾಗ ‘ಢಂ’ ಎನ್ನುತ್ತದಲ್ಲ, ಅದು ನನ್ನದು.”

“ಅದು ನೀವೋ!” ಎಂದವರೇ ಆ ಪಂಕ್ತಿಗೂ ಎದುರು ಪಂಕ್ತಿಗೂ ಸುದ್ದಿ ಮುಟ್ಟಿಸಿದರು. ಅಂದಿನಿಂದ ಬಂಧುಬಳಗದಲ್ಲಿ ನಾನು ಢಂ ರಾಯ.

ನನ್ನನ್ನು ಕೆಡಿಸಿದ್ದು ಸಂಗೀತ ನಿರ್ದೇಶಕ ಎಲ್. ವೈದ್ಯನಾಥನ್. 1980ರ ದಶಕದಲ್ಲಿ ಶಂಕರ್ ನಾಗ್ ಆಗುಂಬೆಯಲ್ಲಿ ಚಿತ್ರೀಕರಿಸಿದ ‘ಮಾಲ್ಗುಡಿ ಡೇಸ್’ ದೂರದರ್ಶನದಲ್ಲಿ ಬರುವಾಗ, ಶೀರ್ಷಿಕೆಯ ಜೊತೆಗೆ ಯಾರೋ ಬಾಯಲ್ಲೇ ಗುನುಗುವ ಆ ‘ತಾನನಾ’ ಕೇಳಿ, ಈ ಉದ್ಯೋಗವೆಂದರೆ ಆಗುಂಬೆಯ ಮಳೆ ನೋಡುತ್ತಾ ಗುನುಗುವುದು ಎಂದು ತಿಳಿದುಬಿಟ್ಟೆ. ನನಗೆ ದಕ್ಕಿದ್ದು ಬೆಂಗಳೂರಿನ ಮೂರನೇ ಮಹಡಿಯ ಒಂದು ಕೋಣೆ. ಸದ್ದು ಹೊರಗೆ ಹೋಗದಂತೆ ಗೋಡೆಗೆಲ್ಲ ಮೊಟ್ಟೆಯ ಟ್ರೇ ಅಂಟಿಸಿದ್ದೆ. ಅದರಿಂದ ಸದ್ದೇನೂ ನಿಲ್ಲುವುದಿಲ್ಲ, ಒಳಗಿನ ಪ್ರತಿಧ್ವನಿ ಒಂದಿಷ್ಟು ತಗ್ಗುತ್ತದೆ ಅಷ್ಟೆ ಎಂದು ತಿಳಿಯುವ ಹೊತ್ತಿಗೆ, ಈರುಳ್ಳಿಯನ್ನೂ ಮನೆಯೊಳಗೆ ಸೇರಿಸದ ಅಮ್ಮ ಆ ಕೋಣೆಗೆ ಕಾಲಿಡುವುದನ್ನೇ ಬಿಟ್ಟಿದ್ದಳು.

ಹೆಣ್ಣು ನೋಡಲು ಹೋದಾಗ ಭಾವಿ ಮಾವನವರು, “ಸದ್ಯಕ್ಕೆ ಯಾರ ಬಳಿಯೋ ಸಹಾಯಕನಂತೆ?” ಎಂದು ಕೇಳಿದರು. “ಇಳಯರಾಜ ಅವರೂ ಮೊದಲು ನಮ್ಮ ಜಿ.ಕೆ. ವೆಂಕಟೇಶ್ ಅವರಿಗೆ ಸಹಾಯಕರಾಗಿದ್ದರು” ಎಂದು ಎದೆಯುಬ್ಬಿಸಿದೆ. ಮಾವನವರು ಒಂದು ಕ್ಷಣ ಯೋಚಿಸಿ, “ಆಮೇಲೆ ಬಿಟ್ಟರಲ್ಲ” ಎಂದರು.

ನಾನೂ ಬಿಟ್ಟೆ. ಮೊದಲ ಸಿನಿಮಾ ಸಿಕ್ಕಿತು. ಹಾಡುಗಳು ಬೇರೆಯವರವು, ನನ್ನದು ರೀರೆಕಾರ್ಡಿಂಗ್ ಮಾತ್ರ, ಎಂದರೆ ಹಿನ್ನೆಲೆ ಸಂಗೀತ. ಎರಡು ನಿಮಿಷದ ಒಂದು ದೃಶ್ಯವಿತ್ತು. ತಂದೆ ಪತ್ರ ಓದುತ್ತಾನೆ, ಎದ್ದು ಬರುತ್ತಾನೆ, ಮಗನ ಕಪಾಳಕ್ಕೆ ಬಾರಿಸುತ್ತಾನೆ. ಪಿಟೀಲುಗಳು ಏರಿ ಏರಿ ಬಂದು, ಸರಿಯಾಗಿ ಏಟು ಬೀಳುವ ಕ್ಷಣಕ್ಕೆ ‘ಢಂ’ ಎಂದು ನಿಂತು, ಮುಂದೆಲ್ಲ ಮೌನ. ಹದಿನೆಂಟು ದಿನ ಕುಳಿತು ಮಾಡಿದ್ದು.

ಸಿನಿಮಾ ಓಡುವುದು ಸೆಕೆಂಡಿಗೆ 24 ಫ್ರೇಮ್‌ಗಳಂತೆ. ನಮ್ಮ ಟಿ.ವಿ.ಯ ಲೆಕ್ಕ 25. ನನಗೆ ಕೊಟ್ಟಿದ್ದ ಚಿತ್ರದ ಪ್ರತಿ 25ರದು. ಒಂದು ಫ್ರೇಮ್ ತಾನೇ ಎನ್ನಬೇಡಿ. ಎರಡು ನಿಮಿಷಕ್ಕೆ 3000 ಫ್ರೇಮ್, ಅದನ್ನೇ 24ರಲ್ಲಿ ಓಡಿಸಿದರೆ 125 ಸೆಕೆಂಡು. ಚಿತ್ರ ಐದು ಸೆಕೆಂಡು ಹಿಗ್ಗಿತು, ನನ್ನ ಸಂಗೀತ ಹಿಗ್ಗಲಿಲ್ಲ. ಬಿಡುಗಡೆಯ ತರಾತುರಿಯಲ್ಲಿ ಮಿಕ್ಸಿಂಗ್ ರಾತ್ರೋರಾತ್ರಿ ಮುಗಿದಿತ್ತು; ಎಂಜಿನಿಯರ್‌ಗೂ ನಿದ್ದೆ, ನನಗೂ ನಿದ್ದೆ.

ಮೊದಲ ಪ್ರದರ್ಶನದಲ್ಲಿ ಪಿಟೀಲುಗಳು ಏರಿದವು, ‘ಢಂ’ ಎಂದಿತು. ಪರದೆಯ ಮೇಲೆ ತಂದೆ ಇನ್ನೂ ಕುರ್ಚಿಯಿಂದ ಏಳುತ್ತಿದ್ದ. ಆಮೇಲೆ ಸ್ಮಶಾನಮೌನದಲ್ಲಿ ಅವನು ನಿಧಾನವಾಗಿ ನಡೆದು ಬಂದು, ಕೆನ್ನೆಗೆ ‘ಚಟ್’ ಎನಿಸಿದಾಗ ಇಡೀ ಚಿತ್ರಮಂದಿರ ಗೊಳ್ಳೆಂದಿತು. ಪಕ್ಕದಲ್ಲಿದ್ದ ನಿರ್ದೇಶಕರು ನನ್ನ ತೊಡೆಯ ಮೇಲೆ ಕೈ ಇಟ್ಟರು, ಮಧ್ಯಂತರದವರೆಗೆ ತೆಗೆಯಲಿಲ್ಲ. ಹೊರಗೆ ಒಬ್ಬರು ಮಾತ್ರ, “ಏಟಿಗೆ ಮೊದಲೇ ಸೂಚನೆ ಕೊಟ್ಟಿರಿ, ಹೊಸ ಪ್ರಯೋಗ” ಎಂದು ಕೈ ಕುಲುಕಿದರು. ಅವರು ಸಂಗೀತ ವಿದ್ವಾಂಸರಂತೆ.

ಹೀಗೆ ಧಾರಾವಾಹಿಗೆ ಬಂದೆ. ಇಲ್ಲಿ ನಿರ್ದೇಶಕರಿಗೆ ಬೇಕಾದುದನ್ನು ಅರ್ಥ ಮಾಡಿಕೊಳ್ಳುವುದೇ ಅರ್ಧ ಕೆಲಸ. “ಈ ಕೊಳಲು ಒಳ್ಳೆಯವರ ಮನೆಯದಲ್ಲ ಅನಿಸುತ್ತದೆ” ಎಂದು ಒಬ್ಬರು ತಿರುಗಿಸಿ ಕಳಿಸಿದ್ದರು. ಮದುವೆಯ ಸಂಚಿಕೆಗೆ ಶೆಹನಾಯಿ ಹಾಕಿದರೆ, “ಯಾರು ಹೋದರು?” ಎಂಬ ಪ್ರಶ್ನೆ ಬಂತು. ದೊಡ್ಡವರು ತೀರಿಕೊಂಡಾಗಲೆಲ್ಲ ರೇಡಿಯೊದಲ್ಲಿ ಅದನ್ನೇ ಕೇಳಿ ಬೆಳೆದ ಜನ ನಾವು, ಅವರ ತಪ್ಪೇನೂ ಇಲ್ಲ.

ಅತ್ತೆಯ ‘ಢಂ’ಗೆ ಮಾತ್ರ ನನ್ನ ಕೀಬೋರ್ಡಿನ ಯಾವ ಸದ್ದೂ ಒಪ್ಪಿಗೆಯಾಗಲಿಲ್ಲ. “ಇವೆಲ್ಲ ಬೇರೆ ಅತ್ತೆಯರ ಢಂ. ನಮ್ಮ ಅತ್ತೆಗೆ ಅವಳದೇ ಬೇಕು” ಎಂದರು. ಕಂತು ಮರುದಿನ ಸಂಜೆಗೆ. ರಾತ್ರಿ ಎರಡು ಗಂಟೆಗೆ ಅಟ್ಟ ಹತ್ತಿ ಅಮ್ಮನ ಹಿತ್ತಾಳೆ ಕೊಪ್ಪರಿಗೆ ಇಳಿಸಿ, ಬೋರಲು ಹಾಕಿ, ಮುದ್ದೆಕೋಲಿಗೆ ಟವೆಲ್ ಸುತ್ತಿ ಬಾರಿಸಿದೆ. ಮೂರನೆಯ ಏಟಿಗೆ ಸದ್ದು ಹದವಾಗಿ ಬಂತು. ತಳವೂ ಒಂದಿಷ್ಟು ಒಳಗೆ ಬಂತು. ಮುದ್ರಿಸಿಕೊಂಡ ಸದ್ದಿನ ವೇಗವನ್ನು ಅರ್ಧಕ್ಕೆ ಇಳಿಸಿದರೆ ಸ್ವರ ಸರಿಯಾಗಿ ಒಂದು ಸ್ಥಾಯಿ ಕೆಳಗಿಳಿಯುತ್ತದೆ; ಮೇಲೆ ಒಂದಿಷ್ಟು ಪ್ರತಿಧ್ವನಿ ಸೇರಿಸಿದೆ. ಪಾತಾಳದಿಂದ ಅತ್ತೆ ಎದ್ದು ಬಂದಂತಿತ್ತು. ಕೊಪ್ಪರಿಗೆಯನ್ನು ನೆಗ್ಗಿದ ಭಾಗ ಗೋಡೆಗೆ ಮಾಡಿ ಅಟ್ಟ ಸೇರಿಸಿದೆ.

ಧಾರಾವಾಹಿಯಲ್ಲಿ ನಾವು ಒಂದಿಷ್ಟು ತುಣುಕುಗಳನ್ನು ಮಾಡಿ ಕೊಟ್ಟರೆ ಸಂಕಲನಕಾರರು ದಿನವೂ ಅವನ್ನೇ ಕತ್ತರಿಸಿ ಅಂಟಿಸಿಕೊಳ್ಳುತ್ತಾರೆ. ನಮ್ಮವರಿಗೆ ‘ಢಂ’ ಬಹಳ ರುಚಿಸಿತು. ಕಾಫಿ ಚೆಲ್ಲಿದರೆ ಢಂ, ಕರೆಗಂಟೆ ಬಾರಿಸಿದರೆ ಢಂ. ಇಪ್ಪತ್ತೆರಡು ನಿಮಿಷದ ಒಂದು ಕಂತಿನಲ್ಲಿ ಮೂವತ್ತೊಂದು ಎಣಿಸಿದ್ದೇನೆ.

ಒಂದು ಸಂಜೆ ಅವರೆಕಾಯಿ ಸುಲಿಯುತ್ತಾ ಟಿ.ವಿ. ನೋಡುತ್ತಿದ್ದ ಅಮ್ಮ ತಟ್ಟನೆ ಕೈ ನಿಲ್ಲಿಸಿದಳು.

“ಇದು ನಮ್ಮ ಕೊಪ್ಪರಿಗೆ.”

“ಯಾವುದಮ್ಮ?”

“ತವರಿನಿಂದ ತಂದದ್ದು. ನಲವತ್ತು ವರ್ಷ ಅದರಲ್ಲಿ ನೀರು ಕಾಯಿಸಿದ್ದೇನೆ, ನನಗೆ ತಿಳಿಯದೇ? ಏಣಿ ತಾ.”

ನೆಗ್ಗು ಪತ್ತೆಯಾಯಿತು. ಸಮಾಧಾನಕ್ಕೆಂದು ನನ್ನ ಬಾಯಿಂದಲೇ ಹೊರಬಂತು: 2012ರಲ್ಲಿ ಕೃತಿಸ್ವಾಮ್ಯ ಕಾಯ್ದೆಗೆ ತಿದ್ದುಪಡಿಯಾದ ಮೇಲೆ ಸಂಗೀತ ಮಾಡಿದವನಿಗೂ ರಾಯಧನದಲ್ಲಿ ಪಾಲಿದೆ, ಮೊನ್ನೆ ಮೊದಲ ಕಂತು ಜಮೆಯಾಗಿದೆ, 286 ರೂಪಾಯಿ.

“ಸಂಗೀತ ಯಾರದು?”

“ನನ್ನದು.”

“ಸದ್ದು ಯಾರದು?”

ಅರ್ಧ ಕೊಟ್ಟೆ. ನೆಗ್ಗು ತೆಗೆದು ಕಲಾಯಿ ಹಾಕುವವನು ಕೇಳಿದ್ದು ನಾನೂರು. ಅದನ್ನೂ ನಾನೇ ಕೊಟ್ಟೆ. ಈಗ ಹೊಸ ಧಾರಾವಾಹಿಯೊಂದು ಬಂದಿದೆ, ಇಬ್ಬರು ಅತ್ತೆಯರಂತೆ. ಅಮ್ಮ ಏಣಿಯನ್ನು ಚಿಕ್ಕಮ್ಮನ ಮನೆಗೆ ಸಾಗಿಸಿಬಿಟ್ಟಿದ್ದಾಳೆ.