ಟಚ್ ಆದದ್ದಾ, ಗುದ್ದಿದ್ದಾ?

ಮಂಗಳೂರಲ್ಲಿ ಬಸ್ಸು ಯಾರಿಗೂ ಗುದ್ದುದಿಲ್ಲ, ಟಚ್ ಆಗುದು ಮಾತ್ರ. ಡ್ರೈವರಿಗೆ ಕೇಳಿ ನೋಡಿ, "ಎಂತ ಇಲ್ಲ ಮಾರಾಯ್ರೆ, ಸ್ವಲ್ಪ ಟಚ್ ಆದದ್ದು" ಅಂತಾರೆ, ಸ್ಕೂಟರಿನವರಿಗೆ ಕೇಳಿದ್ರೆ "ಸೀದಾ ಬಂದು ಗುದ್ದಿದ್ದು", ಮರುದಿನ ಪೇಪರಲ್ಲಿ ಅದು "ಡಿಕ್ಕಿ", ಸ್ಟೇಶನಿನ ಕಾಗದಕ್ಕೆ ಹತ್ತಿತೋ "ದುಡುಕುತನ ಹಾಗೂ ನಿರ್ಲಕ್ಷ್ಯತನದಿಂದ ಚಲಾಯಿಸಿ". ಬಸ್ಸು ಅದೇ, ಶಬ್ದ ಬದಲಾದ ಹಾಗೆ ಸ್ಪೀಡ್ ಏರ್ತಾ ಹೋಗ್ತದೆ.

ನಾನು ಸುಮ್ನೆ ಹೇಳುದಲ್ಲ. ಅಮೆರಿಕದ ಎಲಿಜಬೆತ್ ಲಾಫ್ಟಸ್, ಜಾನ್ ಪಾಮರ್ ಅಂತ ಇಬ್ಬರು ಮನಃಶಾಸ್ತ್ರಜ್ಞರು ಇದನ್ನೇ ಪರೀಕ್ಷೆ ಮಾಡಿ 1974ರಲ್ಲಿ ಬರೆದಿದ್ದಾರೆ. ಸ್ಟೂಡೆಂಟುಗಳಿಗೆ ಕಾರ್ ಆಕ್ಸಿಡೆಂಟಿನ ಫಿಲ್ಮ್ ತೋರಿಸಿ ಸ್ಪೀಡ್ ಎಷ್ಟಿತ್ತು ಅಂತ ಕೇಳುದು, ಪ್ರಶ್ನೆಯಲ್ಲಿ ಕ್ರಿಯಾಪದ ಒಂದು ಬೇರೆ ಬೇರೆ. ನಜ್ಜುಗುಜ್ಜಾಗುವ ಹಾಗೆ ಗುದ್ದಿದಾಗ ಅಂತ ಕೇಳಿದ್ರೆ ಸರಾಸರಿ ಗಂಟೆಗೆ 40 ಮೈಲಿಗಿಂತ ಸ್ವಲ್ಪ ಜಾಸ್ತಿ ಅಂದ್ರು, ಬರೇ ತಾಗಿದಾಗ ಅಂತ ಕೇಳಿದ್ರೆ 31.8. ಆಮೇಲೆ ಬೇರೆ ಗುಂಪಿಗೆ ಫಿಲ್ಮ್ ತೋರಿಸಿ, ಹೀಗೆಯೇ ಸ್ಪೀಡ್ ಕೇಳಿ, ಒಂದು ವಾರ ಬಿಟ್ಟು ಕೇಳಿದ್ದು, ಒಡೆದ ಗ್ಲಾಸ್ ನೋಡಿದ್ರಾ ಅಂತ. ಪ್ರಶ್ನೆಯಲ್ಲಿ ಆ ಜೋರಿನ ಕ್ರಿಯಾಪದ ಸಿಕ್ಕಿದ್ದ 50 ಜನರಲ್ಲಿ 16 ಮಂದಿ ನೋಡಿದ್ದೇವೆ ಅಂದ್ರು, ಸಾದಾ ಕ್ರಿಯಾಪದದ 50ರಲ್ಲಿ 7. ಫಿಲ್ಮಲ್ಲಿ ಗ್ಲಾಸ್ ಒಡೆದೇ ಇರ್ಲಿಲ್ಲ! ಸುಳ್ಳು ಹೇಳಿದ್ದೂ ಅಲ್ಲ ಪಾಪ, ಅವರ ನೆನಪಲ್ಲಿ ಅದು ಒಡೆದೇ ಉಂಟು.

ನಮ್ಮೂರಲ್ಲಿ ಇದನ್ನು ಮಾಡಿದ್ರೆ ಲೆಕ್ಕ ತಪ್ಪಿ ಹೋಗ್ತಿತ್ತು, ಯಾಕಂದ್ರೆ ಇಲ್ಲಿ ಒಬ್ಬನೇ ಮನುಷ್ಯನಲ್ಲಿ ಮೂರು ಸಾಕ್ಷಿ ಇರ್ತಾರೆ. ನಮ್ಮ ಪಕ್ಕದ ಮನೆ ಮಾಮನ ಸ್ಕೂಟರಿಗೆ ಕಂಕನಾಡಿಯಲ್ಲಿ ಬಸ್ಸು ತಾಗಿತ್ತು, ಕನ್ನಡಿ ಹೋಯ್ತು, ಅವರಿಗೆ ಎಂತ ಆಗ್ಲಿಲ್ಲ. ಕಂಡಕ್ಟರನ ಹತ್ರ ತುಳುವಲ್ಲಿ ಮಾತಾಡುವಾಗ ಅದು ಕನ್ನಡಿಯ ರೇಟಿನ ವಿಷಯ, ಬೈದದ್ದೂ ಅರ್ಧ ನಗ್ತಾ. ಪೊಲೀಸರ ಹತ್ರ ಕನ್ನಡ ಬಂತು ನೋಡಿ, ಜೀವ ಉಳಿದದ್ದೇ ದೊಡ್ಡದು ಅಂತಾಯ್ತು. ಮನೆಗೆ ಬಂದು ಕೊಂಕಣಿಯಲ್ಲಿ ಹೆಂಡತಿಗೆ ಹೇಳುವಾಗ ಪುನಃ ಟಚ್, ಡ್ರೈವರಿನದ್ದೇ ಶಬ್ದ! ಗುದ್ದಿದ್ದು ಅಂದಿದ್ರೆ ಮರುದಿನದಿಂದ ಸ್ಕೂಟರ್ ಬಂದ್ ಅಲ್ವಾ. ಈಗ ಕೇಳಿದ್ರೆ ಯಾರು ಕೂತಿದ್ದಾರೆ ನೋಡಿ ಹೇಳ್ತಾರೆ, ಮೂರೂ ಅವರಿಗೆ ಸತ್ಯವೇ.

ಮಾಮಿ ಮಾತ್ರ ಈ ಬಸ್ಸಿನ ಗೌಜಿಗೇ ಬರುದಿಲ್ಲ. ಮಳೆಗಾಲಕ್ಕೆ ಟ್ರಾಲಿಂಗ್ ಬೋಟುಗಳ ಮೀನುಗಾರಿಕೆ ಬಂದ್ ಇದ್ದ ಸಮಯ, ಬಂಗುಡೆಗೆ ಬೆಂಕಿ ರೇಟು, ಆ ದಿನ ಚೀಲದ ಮೀನೆಲ್ಲ ರಸ್ತೆಗೆ ಬಿತ್ತು ಅನ್ನುದೇ ಅವರಿಗೆ ಆಕ್ಸಿಡೆಂಟು. ಅವರು ಅಲ್ಲಿ ಇರ್ಲೂ ಇಲ್ಲ. ಆದ್ರೂ ಒಂದೊಂದು ಬಂಗುಡೆ ಇಷ್ಟಿಷ್ಟಿತ್ತು ಅಂತ ಕೈಯಲ್ಲಿ ಅಳೆದು ತೋರಿಸ್ತಾರೆ, ಮೊನ್ನೆ ನೋಡುವಾಗ ಅದು ದೊಡ್ಡ ಅಂಜಲ್ ಮೀನಿನಷ್ಟು ಉದ್ದ ಆಗಿತ್ತು.